‘ಈ ಫೈಲ್ ಸಪೋರ್ಟ್ ಆಗುವುದಿಲ್ಲ’ ಅಂದಾಗ ಮೊದಲು ಏನು ನೋಡಬೇಕು?

ಮನೆಯಲ್ಲಿರುವ ಹಳೆಯ ಧ್ವನಿಮುದ್ರಣಗಳನ್ನು ಉಳಿಸಿಕೊಳ್ಳಬೇಕು ಎನ್ನುವವರ ಒಂದು ಸಣ್ಣ ಸಭೆಯಲ್ಲಿ ಆಡಿದ ಮಾತಿನ ಬರಹ ರೂಪ ಇದು. ನಡುವೆ ಬಂದ ಪ್ರಶ್ನೆಗಳನ್ನೂ ಹಾಗೇ ಸೇರಿಸಿದ್ದೇನೆ.

ಎಲ್ಲರಿಗೂ ನಮಸ್ಕಾರ.

ವಿಂಡೋಸ್‌ನಲ್ಲಿ ಒಂದು ಆಡಿಯೋ ಫೈಲ್ ಮೇಲೆ ಡಬಲ್ ಕ್ಲಿಕ್ ಮಾಡುತ್ತೀರಿ. ಹಾಡು ಬರುವ ಬದಲು ಒಂದು ಮೆಸೇಜ್ ಬರುತ್ತದೆ. ಈ ಫೈಲನ್ನು ನುಡಿಸಲು ಆಗುತ್ತಿಲ್ಲ, ಈ ಬಗೆಯ ಫೈಲಿಗೆ ಸಪೋರ್ಟ್ ಇಲ್ಲದಿರಬಹುದು, ಎಕ್ಸ್‌ಟೆನ್ಷನ್ ತಪ್ಪಿರಬಹುದು, ಇಲ್ಲವೇ ಫೈಲೇ ಕೆಟ್ಟಿರಬಹುದು ಅಂತ. ಕೆಳಗೆ 0ಎಕ್ಸ್‌ಸಿ00ಡಿ36ಸಿ4 ಅನ್ನುವ ಒಂದು ಕೋಡ್. ಸಾಮಾನ್ಯವಾಗಿ ಎಲ್ಲರೂ ಆ ಕೋಡನ್ನು ಗೂಗಲ್ ಮಾಡಲು ಓಡುತ್ತಾರೆ. ಮೇಲಿನ ಸಾಲನ್ನು ಯಾರೂ ಪೂರ್ತಿ ಓದುವುದಿಲ್ಲ. ಅದರಲ್ಲಿ ಮೂರು ಬೇರೆ ಬೇರೆ ಕಾರಣಗಳಿವೆ. ಒಂದೊಂದಕ್ಕೂ ಪರಿಹಾರ ಬೇರೆ. ಒಂದಕ್ಕೆ ಮಾಡಬೇಕಾದ್ದನ್ನು ಇನ್ನೊಂದಕ್ಕೆ ಮಾಡಿದರೆ ಸಂಜೆಯೆಲ್ಲ ಕೂತರೂ ಏನೂ ಆಗುವುದಿಲ್ಲ.

ಸಪೋರ್ಟ್ ಇಲ್ಲ ಅಂದ ಕೂಡಲೇ ಕೈ ಹೋಗುವುದು ಆನ್‌ಲೈನ್ ಕನ್ವರ್ಟರ್ ಕಡೆಗೆ, ಅಲ್ವಾ? ನನ್ನ ಪ್ರಕಾರ ಕನ್ವರ್ಟ್ ಮಾಡುವುದು ಕೊನೆಯ ಕೆಲಸ. ಒಳಗೆ ಏನಿದೆ ಅಂತ ನೋಡುವುದು ಮೊದಲ ಕೆಲಸ. ಇವತ್ತು ಹೇಳಬೇಕು ಅಂದುಕೊಂಡಿರುವುದೂ ಇದನ್ನೇ.

ನಮ್ಮ ಅಡುಗೆಮನೆಗಳಲ್ಲಿ ಬೋರ್ನ್‌ವಿಟಾ ಡಬ್ಬಿ ತೆರೆದರೆ ಸಾಸಿವೆ ಇರುತ್ತದೆ. ಆಡಿಯೋ ಫೈಲಿನ ಕಥೆಯೂ ಅಷ್ಟೇ. ಹೆಸರಿನ ಕೊನೆಗೆ ಬರುವ ಎಂಪಿ3, ಎಂ4ಎ, ಓಜಿಜಿ ಎಲ್ಲ ಡಬ್ಬಿಯ ಮೇಲಿನ ಚೀಟಿ. ಡಬ್ಬಿಗೆ ಕಂಟೇನರ್ ಅನ್ನುತ್ತಾರೆ. ಒಳಗಿನ ಧ್ವನಿಯನ್ನು ಹೇಗೆ ಕುಗ್ಗಿಸಿ ಇಟ್ಟಿದ್ದಾರೆ ಅನ್ನುವುದು ಕೋಡೆಕ್. ಓಜಿಜಿ ಅನ್ನುವ ಡಬ್ಬಿಯೊಳಗೆ ವೋರ್ಬಿಸ್ ಇರಬಹುದು, ಓಪಸ್ ಇರಬಹುದು. ಎಂ4ಎ ಡಬ್ಬಿಯೊಳಗೆ ಸಾಮಾನ್ಯವಾಗಿ ಎಎಸಿ ಇರುತ್ತದೆ, ಆದರೆ ಆಪಲ್‌ನವರ ನಷ್ಟವಿಲ್ಲದ ಎಎಲ್‌ಎಸಿ ಕೂಡ ಇರಬಹುದು. ಸಾಫ್ಟ್‌ವೇರ್‌ಗೆ ಡಬ್ಬಿ ತೆರೆಯಲು ಬಂದು ಒಳಗಿನದು ಗೊತ್ತಾಗದೆ ಇರಬಹುದು. ಒಳಗಿನದು ಗೊತ್ತಿದ್ದೂ ಡಬ್ಬಿ ತೆರೆಯಲು ಬಾರದಿರಬಹುದು. ಇನ್ನು ಕೆಲವು ಸಾಫ್ಟ್‌ವೇರ್ ಚೀಟಿ ನೋಡಿಯೇ ‘ಇದು ನನ್ನದಲ್ಲ’ ಅಂತ ವಾಪಸ್ ಕಳಿಸುತ್ತವೆ.

ಹಾಗಾದರೆ ಹೆಸರು ಬದಲಾಯಿಸಿದರೆ ಸಾಕಾ ಅಂತ ಮುಂದಿನ ಸಾಲಿನಿಂದ ಒಬ್ಬರು ಕೇಳಿದರು. ಒಳ್ಳೆಯ ಪ್ರಶ್ನೆ. ಕೆಲವೊಮ್ಮೆ ಸಾಕು. ವಾಟ್ಸ್ಆ್ಯಪ್‌ನ ವಾಯ್ಸ್ ನೋಟ್ ಫೈಲ್ ಆಗಿ ಸೇವ್ ಆದಾಗ ಕೊನೆಗೆ ‘ಓಪಸ್’ ಅಂತ ಇರುತ್ತದೆ. ಒಳಗಿರುವುದು ಓಜಿಜಿ ಕಂಟೇನರ್‌ನಲ್ಲಿ ಕೂತ ಓಪಸ್ ಧ್ವನಿ. ಕೆಲವು ಸಾಫ್ಟ್‌ವೇರ್‌ಗೆ ಓಪಸ್ ಬಿಚ್ಚಲು ಬರುತ್ತದೆ, ಆದರೆ ಆ ಎಕ್ಸ್‌ಟೆನ್ಷನ್ ಅದರ ಪಟ್ಟಿಯಲ್ಲಿ ಇರುವುದಿಲ್ಲ. ಅಲ್ಲಿ ಓಜಿಜಿ ಅಂತ ಬದಲಿಸಿದರೆ ತಟ್ಟನೆ ತೆರೆಯುತ್ತದೆ. ಆದರೆ ಎಂ4ಎ ಫೈಲಿಗೆ ಎಂಪಿ3 ಅಂತ ಹೆಸರಿಟ್ಟರೆ ಅದು ಎಂಪಿ3 ಆಗುವುದಿಲ್ಲ. ಅದರಿಂದ ಗೊಂದಲ ಇನ್ನೂ ಜಾಸ್ತಿ. ವಿಎಲ್‌ಸಿ ಅನ್ನುವ ಪ್ಲೇಯರ್ ಫೈಲಿನ ಹೆಸರಿಗಿಂತ ಒಳಗಿನ ಬೈಟ್‌ಗಳನ್ನು ನಂಬುತ್ತದೆ, ಸುಮ್ನೆ ನುಡಿಸಿಬಿಡುತ್ತದೆ. ಬೇರೆ ಸಾಫ್ಟ್‌ವೇರ್ ಒಪ್ಪುವುದಿಲ್ಲ. ಆಗ ‘ವಿಎಲ್‌ಸಿಯಲ್ಲಿ ಬರುತ್ತಲ್ಲ, ಇಲ್ಲಿ ಯಾಕೆ ಬರಲ್ಲ’ ಅಂತ ತಲೆ ಕೆರೆದುಕೊಳ್ಳುತ್ತೇವೆ.

ಒಳಗೆ ಏನಿದೆ ಅಂತ ನೋಡುವುದು ಹೇಗೆ? ಸುಲಭದ ದಾರಿ ಮೀಡಿಯಾಇನ್ಫೋ ಅನ್ನುವ ಉಚಿತ ಸಾಫ್ಟ್‌ವೇರ್. ವಿಂಡೋಸ್, ಮ್ಯಾಕ್, ಲಿನಕ್ಸ್ ಮೂರಕ್ಕೂ ಇದೆ. ಫೈಲನ್ನು ಅದರ ಮೇಲೆ ಎಳೆದು ಬಿಟ್ಟರೆ ಕಂಟೇನರ್ ಯಾವುದು, ಕೋಡೆಕ್ ಯಾವುದು, ಎಷ್ಟು ಚಾನೆಲ್, ಸ್ಯಾಂಪಲ್ ರೇಟ್ (ಸೆಕೆಂಡಿಗೆ ಎಷ್ಟು ಸಲ ಧ್ವನಿಯನ್ನು ಅಳೆದು ಬರೆದಿದೆ ಅನ್ನುವ ಲೆಕ್ಕ) ಎಷ್ಟು ಅಂತ ಎಲ್ಲ ಹೇಳುತ್ತದೆ. ವಿಎಲ್‌ಸಿ ಇದ್ದರೆ ಫೈಲ್ ನುಡಿಯುತ್ತಿರುವಾಗ ಕಂಟ್ರೋಲ್ ಮತ್ತು ಜೆ ಒತ್ತಿ. ಅಲ್ಲೂ ಕೋಡೆಕ್ ವಿವರ ಬರುತ್ತದೆ.

ಇವೆರಡೂ ಇಲ್ಲದಿದ್ದರೆ ನೋಟ್‌ಪ್ಯಾಡ್ ಸಾಕು. ನಗಬೇಡಿ, ನಿಜ. ಫೈಲಿನ ಒಂದು ಕಾಪಿ ಮಾಡಿಕೊಂಡು ಆ ಕಾಪಿಯನ್ನು ನೋಟ್‌ಪ್ಯಾಡ್‌ನಲ್ಲಿ ತೆರೆಯಿರಿ. ಪರದೆ ತುಂಬ ಚಿತ್ರವಿಚಿತ್ರ ಅಕ್ಷರ ಬರುತ್ತವೆ. ಅವನ್ನು ಬಿಡಿ, ಮೊದಲ ಸಾಲಿನ ಮೊದಲ ಕೆಲವು ಅಕ್ಷರ ಮಾತ್ರ ನೋಡಿ. ಆರ್ ಐ ಎಫ್ ಎಫ್ ಅಂತ ಇದ್ದು ಸ್ವಲ್ಪ ಮುಂದೆ ವೇವ್ ಅಂತ ಇದ್ದರೆ ಅದು ವೇವ್ ಫೈಲ್. ಓ ಜಿ ಜಿ ಎಸ್ ಅಂತ ಇದ್ದರೆ ಓಜಿಜಿ. ಎಫ್ ಎಲ್ ಎ ಸಿ ಅಂತ ಇದ್ದರೆ ಫ್ಲ್ಯಾಕ್. ಐ ಡಿ 3 ಅಂತ ಇದ್ದರೆ ಹೆಚ್ಚಾಗಿ ಎಂಪಿ3. ಎಫ್ ಟಿ ವೈ ಪಿ ಅಂತ ಕಂಡರೆ ಎಂ4ಎ, ಎಂಪಿ4 ಅಥವಾ 3ಜಿಪಿ ಕುಟುಂಬ. ಹ್ಯಾಷ್, ಆಶ್ಚರ್ಯಸೂಚಕ ಚಿಹ್ನೆ, ಆಮೇಲೆ ಎ ಎಂ ಆರ್ ಇದ್ದರೆ ಹಳೆಯ ಮೊಬೈಲಿನ ರೆಕಾರ್ಡಿಂಗ್. ನೋಡಿ ಆದಮೇಲೆ ಸೇವ್ ಮಾಡದೆ ಮುಚ್ಚಿ. ಅಪ್ಪಿತಪ್ಪಿ ಸೇವ್ ಆದರೆ ಆ ಕಾಪಿ ಹೋಯಿತು.

ಒಮ್ಮೊಮ್ಮೆ ಮೊದಲ ಸಾಲಿನಲ್ಲೇ ‘ಡಾಕ್‌ಟೈಪ್ ಎಚ್‌ಟಿಎಂಎಲ್’ ಅಂತ ಕಾಣುತ್ತದೆ. ಅಂದರೆ ನೀವು ಹಾಡು ಡೌನ್‌ಲೋಡ್ ಮಾಡಿಯೇ ಇಲ್ಲ. ‘ಲಾಗಿನ್ ಆಗಿ’ ಅಂತಲೋ ‘ಲಿಂಕ್ ಅವಧಿ ಮುಗಿದಿದೆ’ ಅಂತಲೋ ಹೇಳುವ ಒಂದು ವೆಬ್ ಪುಟ ಎಂಪಿ3 ಅನ್ನುವ ಹೆಸರಿನಲ್ಲಿ ಬಂದು ಕೂತಿದೆ. ಇದನ್ನು ಯಾವ ಕನ್ವರ್ಟರ್‌ಗೆ ಹಾಕಿದರೂ ಹಾಡು ಬರುವುದಿಲ್ಲ. ಫೈಲಿನ ಗಾತ್ರ ಸೊನ್ನೆ ಇದ್ದರೂ ಅಷ್ಟೇ, ಅದು ಕಾಪಿ ಆಗಿಲ್ಲ. ಮತ್ತೆ ತರಿಸಿಕೊಳ್ಳಬೇಕು.

ನಮಗೆ ಮಾತ್ರ ಬರುವ ಇನ್ನೊಂದು ತೊಂದರೆ ಹೇಳುತ್ತೇನೆ. ಫೈಲಿಗೆ ಅಚ್ಚುಕಟ್ಟಾಗಿ ಕನ್ನಡದಲ್ಲಿ ಹೆಸರಿಟ್ಟಿರುತ್ತೇವೆ, ‘ಅಜ್ಜಿ ಹೇಳಿದ ಹಸೆ ಹಾಡು’ ಅಂತ. ಯೂನಿಕೋಡ್ ಸರಿಯಾಗಿ ಬಾರದ ಹಳೆಯ ಸಾಫ್ಟ್‌ವೇರ್‌ಗಳು ಆ ಹೆಸರನ್ನು ಓದಲಾರವು. ‘ಹೆಸರು ಓದಲು ಬರಲಿಲ್ಲ’ ಅಂತ ಒಪ್ಪಿಕೊಳ್ಳುವುದೂ ಇಲ್ಲ, ಫೈಲ್ ತೆರೆಯಲಾಗಲಿಲ್ಲ ಅಂತಷ್ಟೇ ಹೇಳುತ್ತವೆ. ಫೋಲ್ಡರಿನ ಹೆಸರು ಕನ್ನಡದಲ್ಲಿದ್ದರೂ ಇದೇ ಗತಿ. ಅಂಥ ಕಡೆ ಒಂದು ಕಾಪಿಗೆ ಇಂಗ್ಲಿಷ್ ಅಕ್ಷರದಲ್ಲಿ ಚಿಕ್ಕ ಹೆಸರು ಕೊಟ್ಟು, ಸಿ ಡ್ರೈವಿನ ಒಂದು ಸಾದಾ ಫೋಲ್ಡರಿನಲ್ಲಿಟ್ಟು ನೋಡಿ. ಮೂಲದ ಹೆಸರು ಕನ್ನಡದಲ್ಲೇ ಇರಲಿ.

ಈಗ ಒಂದು ಸಾಫ್ಟ್‌ವೇರ್ ಹಿಡಿದು ವಿವರವಾಗಿ ನೋಡೋಣ. ಇಲ್ಲಿ ಕೂತಿರುವವರಲ್ಲಿ ಹೆಚ್ಚಿನವರು ಧ್ವನಿ ಎಡಿಟ್ ಮಾಡಲು ಬಳಸುವುದು ಅಡಾಸಿಟಿ. ಅಮೆರಿಕದ ಕಾರ್ನೆಗಿ ಮೆಲನ್ ವಿಶ್ವವಿದ್ಯಾಲಯದಲ್ಲಿ ಡೊಮಿನಿಕ್ ಮಾಝೋನಿ ಮತ್ತು ರೋಜರ್ ಡ್ಯಾನೆನ್‌ಬರ್ಗ್ ಶುರು ಮಾಡಿದ್ದು. ಜನರ ಕೈಗೆ ಬಂದದ್ದು 2000ದಲ್ಲಿ. ಉಚಿತ, ಚೆನ್ನಾಗಿದೆ. ಆದರೆ ಎಂ4ಎ ಫೈಲ್ ಹಾಕಿದರೆ ಮುನಿಸಿಕೊಳ್ಳುತ್ತದೆ. ಫೈಲಿನ ಬಗೆ ಗುರುತು ಸಿಕ್ಕಿತು, ಆದರೆ ಇದನ್ನು ಓದಬಲ್ಲ ಯಾವ ಇಂಪೋರ್ಟರ್‌ಗೂ ಅರ್ಥ ಆಗಲಿಲ್ಲ ಅನ್ನುವ ಧಾಟಿಯ ಮೆಸೇಜ್ ಬರುತ್ತದೆ. ಐಫೋನಿನ ವಾಯ್ಸ್ ಮೆಮೋ ಎಂ4ಎ. ಎಷ್ಟೋ ಆ್ಯಂಡ್ರಾಯ್ಡ್ ರೆಕಾರ್ಡರ್‌ಗಳೂ ಎಂ4ಎ. ಅಂದರೆ ಇವತ್ತು ಮನೆಯಲ್ಲಿ ರೆಕಾರ್ಡ್ ಆಗುವ ಬಹುಪಾಲು ಧ್ವನಿಯನ್ನೇ ಅದು ತೆರೆಯುತ್ತಿಲ್ಲ.

ಯಾಕೆ ಹೀಗೆ? ಅಡಾಸಿಟಿಯವರಿಗೆ ಬರೆಯಲು ಬರಲಿಲ್ಲ ಅಂತಲ್ಲ. ಪೇಟೆಂಟ್. ಎಎಸಿಯ ಸುತ್ತ ಪೇಟೆಂಟ್‌ಗಳಿವೆ, ಲೈಸೆನ್ಸ್ ಇದೆ. ಉಚಿತವಾಗಿ ಹಂಚುವ ಸಾಫ್ಟ್‌ವೇರ್ ಒಳಗೆ ಅದನ್ನು ಸೇರಿಸಿ ಕೊಡುವುದು ತಲೆನೋವು. ಎಂಪಿ3ಗೂ ಒಂದು ಕಾಲದಲ್ಲಿ ಇದೇ ಪಾಡಿತ್ತು. ಅಡಾಸಿಟಿಯಿಂದ ಎಂಪಿ3 ಮಾಡಬೇಕಾದರೆ ಲೇಮ್ ಅನ್ನುವ ಇನ್ನೊಂದು ಫೈಲನ್ನು ಬೇರೆ ಕಡೆಯಿಂದ ತಂದು ಸೇರಿಸಬೇಕಿತ್ತು, ಹಳಬರಿಗೆ ನೆನಪಿರಬಹುದು. 2017ರ ಏಪ್ರಿಲ್‌ನಲ್ಲಿ ಎಂಪಿ3 ಲೈಸೆನ್ಸ್ ವ್ಯವಹಾರ ಮುಗಿಯಿತು. ಆಮೇಲೆ ಲೇಮ್ ಅಡಾಸಿಟಿಯ ಜೊತೆಗೇ ಬರತೊಡಗಿತು. ‘ಸಪೋರ್ಟ್ ಇಲ್ಲ’ ಅನ್ನುವ ಮೆಸೇಜಿನ ಹಿಂದೆ ಎಷ್ಟೋ ಸಲ ಇರುವುದು ವಕೀಲರು, ಎಂಜಿನಿಯರುಗಳಲ್ಲ.

ಪರಿಹಾರದ ಹೆಸರು ಎಫ್‌ಎಫ್‌ಎಂಪೆಗ್. ಫ್ರಾನ್ಸಿನ ಫ್ಯಾಬ್ರಿಸ್ ಬೆಲಾರ್ 2000ದಲ್ಲಿ ಶುರು ಮಾಡಿದ ಯೋಜನೆ. ಆಡಿಯೋ, ವಿಡಿಯೋ ಬಿಚ್ಚುವ ವಿಷಯದಲ್ಲಿ ಇದಕ್ಕೆ ಗೊತ್ತಿಲ್ಲದ ಫಾರ್ಮ್ಯಾಟ್ ಹುಡುಕುವುದೇ ಕಷ್ಟ. ವಿಎಲ್‌ಸಿ ಅಷ್ಟೊಂದು ಬಗೆಯ ಫೈಲ್ ನುಡಿಸುವುದರ ಹಿಂದೆಯೂ ಇದರ ಲೈಬ್ರರಿಗಳು, ಅಂದರೆ ಬೇರೆ ಸಾಫ್ಟ್‌ವೇರ್ ಎರವಲು ಪಡೆದು ಬಳಸುವ ತುಣುಕುಗಳು, ಇವೆ. ಅಡಾಸಿಟಿಗೆ ಇದನ್ನು ಜೋಡಿಸಿದರೆ ಎಂ4ಎ, ಎಎಂಆರ್, ಡಬ್ಲ್ಯುಎಂಎ, 3ಜಿಪಿ ಎಲ್ಲ ತೆರೆಯುತ್ತವೆ. ಎಡಿಟ್ ಮೆನುವಿನಲ್ಲಿ ಪ್ರಿಫರೆನ್ಸಸ್, ಅಲ್ಲಿ ಲೈಬ್ರರೀಸ್. ಎಫ್‌ಎಫ್‌ಎಂಪೆಗ್ ಸಿಕ್ಕಿಲ್ಲ ಅಂತ ತೋರಿಸಿದರೆ ಪಕ್ಕದ ಡೌನ್‌ಲೋಡ್ ಬಟನ್ ಒತ್ತಿ, ಅದು ಕರೆದೊಯ್ಯುವ ಪುಟದಲ್ಲಿ ಹೇಳಿರುವುದನ್ನೇ ಹಾಕಿಕೊಳ್ಳಿ. ಅಡಾಸಿಟಿ ಮುಚ್ಚಿ ಮತ್ತೆ ತೆರೆಯಿರಿ.

ಇಷ್ಟು ಮಾಡಿದರೂ ಆಗಲಿಲ್ಲ ಅನ್ನುವವರು ಇದ್ದೇ ಇರುತ್ತಾರೆ. ಅಲ್ಲಿ ಎರಡು ಕಡೆ ನೋಡಿ. ಒಂದು, ಅಡಾಸಿಟಿ 64 ಬಿಟ್ ಆಗಿದ್ದರೆ ಎಫ್‌ಎಫ್‌ಎಂಪೆಗ್ ಕೂಡ 64 ಬಿಟ್ ಆಗಿರಲೇಬೇಕು. 32 ಬಿಟ್‌ನದು ಹಾಕಿದರೆ ಅದರ ಕಣ್ಣಿಗೇ ಬೀಳುವುದಿಲ್ಲ. ಇನ್ನೊಂದು, ‘ನನ್ನ ಕಂಪ್ಯೂಟರಿನಲ್ಲಿ ಎಫ್‌ಎಫ್‌ಎಂಪೆಗ್ ಮೊದಲೇ ಇದೆ’ ಅನ್ನುವವರದ್ದು. ಇರಬಹುದು, ಆದರೆ ಬರೀ ಎಫ್‌ಎಫ್‌ಎಂಪೆಗ್ ಓಡಿಸುವ ಇಎಕ್ಸ್‌ಇ ಫೈಲ್ ಒಂದೇ ಇದ್ದರೆ ಅಡಾಸಿಟಿಗೆ ಉಪಯೋಗ ಇಲ್ಲ. ಅದಕ್ಕೆ ಬೇಕಾದದ್ದು ಎವಿಫಾರ್ಮ್ಯಾಟ್ ಅಂತ ಹೆಸರು ಶುರುವಾಗುವ ಡಿಎಲ್‌ಎಲ್ (ವಿಂಡೋಸ್‌ನಲ್ಲಿ ಲೈಬ್ರರಿ ಇರುವ ಫೈಲ್) ಮತ್ತು ಅದರ ಜೊತೆಗಾರ ಫೈಲುಗಳು.

ಹಲವು ಕೋಡೆಕ್‌ಗಳನ್ನು ಒಟ್ಟಿಗೆ ಕಟ್ಟಿದ ಯಾವುದೋ ‘ಕೋಡೆಕ್ ಪ್ಯಾಕ್’ ಹಾಕಿದರೆ ಸರಿಹೋಗುತ್ತದೆ ಅಂತ ಸಲಹೆ ಕೊಡುವವರು ಈಗಲೂ ಇದ್ದಾರೆ. ವಿಂಡೋಸ್‌ನ ಡೈರೆಕ್ಟ್‌ಶೋ ಮೂಲಕ ನುಡಿಸುವ ಹಳೆಯ ಪ್ಲೇಯರ್‌ಗಳಿಗೆ ಅದು ನೆರವಾಗಬಹುದು. ಅಡಾಸಿಟಿ ಡೈರೆಕ್ಟ್‌ಶೋ ಕಡೆ ತಿರುಗಿಯೂ ನೋಡುವುದಿಲ್ಲ. ಅಲ್ಲದೆ ಕೋಡೆಕ್ ಹೆಸರಿನಲ್ಲಿ ವೈರಸ್ ಹಂಚುವುದು ಬಹಳ ಹಳೆಯ ದಂಧೆ.

ಯುರೋಪಿನಲ್ಲಿ ಮಗ ಇದ್ದಾನೆ, ಅಲ್ಲಿ ಕೊಂಡ ಲ್ಯಾಪ್‌ಟಾಪಿನಲ್ಲಿ ಏನೂ ನುಡಿಯುವುದಿಲ್ಲ ಅಂತ ಒಬ್ಬರು ಹೇಳಿದರು. ಅದು ವಿಂಡೋಸ್‌ನ ‘ಎನ್’ ಆವೃತ್ತಿ ಇರಬಹುದು. 2004ರಲ್ಲಿ ಯುರೋಪಿಯನ್ ಕಮಿಷನ್ ಮೈಕ್ರೋಸಾಫ್ಟ್ ವಿರುದ್ಧ ತೀರ್ಪು ಕೊಟ್ಟ ಮೇಲೆ ಮೀಡಿಯಾ ಪ್ಲೇಯರ್ ಇಲ್ಲದ ವಿಂಡೋಸ್ ಅಲ್ಲಿ ಮಾರಾಟಕ್ಕೆ ಬಂತು. ಪ್ಲೇಯರ್ ಜೊತೆಗೆ ಅದಕ್ಕೆ ಆಧಾರವಾದ ಮೀಡಿಯಾ ಸೌಲಭ್ಯಗಳೂ ಅದರಲ್ಲಿ ಇರುವುದಿಲ್ಲ. ಸೆಟ್ಟಿಂಗ್ಸ್‌ನ ಆಪ್ಷನಲ್ ಫೀಚರ್ಸ್‌ನಲ್ಲಿ ಮೀಡಿಯಾ ಫೀಚರ್ ಪ್ಯಾಕ್ ಹಾಕಿ, ಒಮ್ಮೆ ರೀಸ್ಟಾರ್ಟ್ ಮಾಡಿದರೆ ಸರಿಹೋಗುತ್ತದೆ. ಫೈಲ್ ಮುಟ್ಟುವ ಅಗತ್ಯವೇ ಇಲ್ಲ.

ಕನ್ವರ್ಟ್ ಮಾಡಲೇಬೇಕಾದ ಸಂದರ್ಭಗಳೂ ಇವೆ. ಪವರ್‌ಪಾಯಿಂಟ್‌ಗೆ ವಾಟ್ಸ್ಆ್ಯಪ್ ಧ್ವನಿ ಹಾಕಬೇಕು ಅನ್ನುವ ಮೇಷ್ಟ್ರುಗಳು ಇಲ್ಲಿದ್ದೀರಿ. ಪವರ್‌ಪಾಯಿಂಟ್ ಪಟ್ಟಿಯಲ್ಲಿ ಎಂ4ಎ, ಎಂಪಿ3, ವೇವ್ ಇವೆ, ಓಪಸ್ ಇಲ್ಲ. ವಿಎಲ್‌ಸಿಯಲ್ಲೇ ಕನ್ವರ್ಟ್ ಮಾಡಬಹುದು, ಕಂಟ್ರೋಲ್ ಮತ್ತು ಆರ್ ಒತ್ತಿದರೆ ಆ ಕಿಟಕಿ ತೆರೆಯುತ್ತದೆ. ಟೈಪ್ ಮಾಡಲು ಬೇಸರ ಇಲ್ಲದವರಿಗೆ ಎಫ್‌ಎಫ್‌ಎಂಪೆಗ್ ಇನ್ನೂ ಸುಲಭ. ಅದರ ಹೆಸರು, ಹೈಫನ್ ಐ, ಹಳೆಯ ಫೈಲಿನ ಹೆಸರು, ಹೊಸ ಫೈಲಿನ ಹೆಸರು, ಇಷ್ಟೇ ಕಮಾಂಡ್. ಹೊಸ ಹೆಸರಿನ ಕೊನೆಯಲ್ಲಿ ಏನು ಬರೆದಿದ್ದೀರಿ ಅಂತ ನೋಡಿ ಅದೇ ಫಾರ್ಮ್ಯಾಟ್ ಮಾಡಿಕೊಡುತ್ತದೆ. ವಿಡಿಯೋದಿಂದ ಧ್ವನಿ ಮಾತ್ರ ತೆಗೆಯುವಾಗ ಕನ್ವರ್ಟ್ ಕೂಡ ಬೇಡ. ಎಂಪಿ4 ಒಳಗಿನ ಎಎಸಿಯನ್ನು ಹಾಗೇ ಎತ್ತಿ ಎಂ4ಎಗೆ ಹಾಕಲು ಅದರಲ್ಲಿ ‘ಕಾಪಿ’ ಅನ್ನುವ ಆಯ್ಕೆ ಇದೆ. ಕ್ಷಣದಲ್ಲಿ ಮುಗಿಯುತ್ತದೆ, ಗುಣಮಟ್ಟ ಕೂದಲಷ್ಟೂ ಇಳಿಯುವುದಿಲ್ಲ.

ಆನ್‌ಲೈನ್ ಕನ್ವರ್ಟರ್ ನನಗೆ ಇಷ್ಟ ಇಲ್ಲ. ಅಪ್ಪನ ಕೊನೆಯ ದಿನಗಳ ಮಾತನ್ನು ಯಾರದೋ ಸರ್ವರಿಗೆ ಯಾಕೆ ಕಳಿಸಬೇಕು? ಕೆಲಸ ಮನೆಯ ಕಂಪ್ಯೂಟರಿನಲ್ಲೇ ಆಗುತ್ತದೆ.

ಕನ್ವರ್ಟ್ ಮಾಡಿದರೆ ಧ್ವನಿ ಚೆನ್ನಾಗುತ್ತದೆ ಅನ್ನುವ ಆಸೆಯನ್ನೂ ಬಿಡಿ. ಎಎಂಆರ್ ಅನ್ನುವುದು ಫೋನಿನ ಮಾತಿಗಾಗಿ ಮಾಡಿದ್ದು. ಸೆಕೆಂಡಿಗೆ 8,000 ಸ್ಯಾಂಪಲ್, ಹೆಚ್ಚೆಂದರೆ 12.2 ಕಿಲೋಬಿಟ್. ಒಂದು ನಿಮಿಷಕ್ಕೆ 100 ಕೆಬಿಗೂ ಕಡಿಮೆ. ಅದನ್ನು 320 ಕಿಲೋಬಿಟ್ ಎಂಪಿ3 ಮಾಡಿದರೆ ಫೈಲ್ ದೊಡ್ಡದಾಗುತ್ತದೆ, ಅಷ್ಟೇ. ರೆಕಾರ್ಡ್ ಆಗುವಾಗಲೇ ಬಿಟ್ಟುಹೋದ ತಂಬೂರಿಯ ಝೇಂಕಾರ ಎಲ್ಲಿಂದ ಬರಬೇಕು? ಕುಗ್ಗಿಸಿದ್ದನ್ನು ಬಿಚ್ಚಿ, ಮತ್ತೆ ಕುಗ್ಗಿಸಿದಾಗಲೆಲ್ಲ ಸ್ವಲ್ಪ ಸ್ವಲ್ಪ ಹೋಗುತ್ತದೆ. ಹಾಗಾಗಿ ಎಡಿಟ್ ಮಾಡಲು ನಷ್ಟವಿಲ್ಲದ ವೇವ್ ಅಥವಾ ಫ್ಲ್ಯಾಕ್ ಮಾಡಿಕೊಳ್ಳಿ, ಹಂಚಲು ಕೊನೆಯಲ್ಲಿ ಒಂದೇ ಸಲ ಎಂಪಿ3 ಮಾಡಿ. ಮೂಲ ಫೈಲನ್ನು ಯಾವ ಕಾರಣಕ್ಕೂ ಅಳಿಸಬೇಡಿ.

ಇಲ್ಲಿಯವರೆಗೆ ಹೇಳಿದ್ದೆಲ್ಲ ಫೈಲ್ ಸರಿಯಿದ್ದಾಗಿನ ಮಾತು. ಕೆಟ್ಟ ಫೈಲಿನ ವಿಷಯಕ್ಕೆ ಬರೋಣ. ನನಗೆ ತುಂಬ ಇಷ್ಟವಾದ ಭಾಗ ಇದು.

ರಾತ್ರಿಯಿಡೀ ನಡೆಯುವ ಯಕ್ಷಗಾನವನ್ನು ರೆಕಾರ್ಡ್ ಮಾಡುವವರು ಇಲ್ಲಿದ್ದೀರಿ. ವೇವ್ ಫೈಲಿನ ಶುರುವಿನಲ್ಲಿ ಒಂದು ಹೆಡರ್ ಇರುತ್ತದೆ. ಸಾದಾ ಫೈಲಿನಲ್ಲಿ ಅದು 44 ಬೈಟ್. ಧ್ವನಿ ಒಟ್ಟು ಎಷ್ಟು ಬೈಟ್ ಇದೆ ಅಂತ ಅದರಲ್ಲಿ ಬರೆದಿರುತ್ತದೆ. ಆ ಸಂಖ್ಯೆಗೆ ಇರುವ ಜಾಗ 32 ಬಿಟ್. ಹಾಗಾಗಿ 4 ಜಿಬಿಗಿಂತ ದೊಡ್ಡ ಸಂಖ್ಯೆ ಅಲ್ಲಿ ಹಿಡಿಯುವುದಿಲ್ಲ. ಸಿಡಿ ಗುಣಮಟ್ಟದ ಸ್ಟೀರಿಯೋ ಅಂದರೆ ನಿಮಿಷಕ್ಕೆ ಸುಮಾರು 10 ಎಂಬಿ. ಲೆಕ್ಕ ಹಾಕಿ ನೋಡಿ, ಸುಮಾರು 6 ಗಂಟೆ 45 ನಿಮಿಷಕ್ಕೆ 4 ಜಿಬಿ ತುಂಬುತ್ತದೆ. 48,000 ಸ್ಯಾಂಪಲ್, 24 ಬಿಟ್ ಇಟ್ಟುಕೊಂಡಿದ್ದರೆ 4 ಗಂಟೆ ಚಿಲ್ಲರೆಗೇ ಮುಗಿಯಿತು. ಬೆಳಗಿನ ಮಂಗಳ ಹಾಡುವ ಹೊತ್ತಿಗೆ ಇದನ್ನು ದಾಟಿರುತ್ತೇವೆ. ಒಳ್ಳೆಯ ರೆಕಾರ್ಡರ್‌ಗಳು ತಾವೇ ಫೈಲನ್ನು ತುಂಡು ಮಾಡುತ್ತವೆ, ಇಲ್ಲವೇ ಆರ್‌ಎಫ್64 ಅನ್ನುವ ದೊಡ್ಡ ಲೆಕ್ಕದ ರೂಪದಲ್ಲಿ ಬರೆಯುತ್ತವೆ. ಆರ್‌ಎಫ್64 ಗೊತ್ತಿಲ್ಲದ ಸಾಫ್ಟ್‌ವೇರ್ ಅದನ್ನೂ ಸಪೋರ್ಟ್ ಇಲ್ಲ ಅನ್ನುತ್ತದೆ. ಅಡಾಸಿಟಿಗೆ ಗೊತ್ತು.

ಇದಕ್ಕಿಂತ ಸಾಮಾನ್ಯವಾಗಿ ಆಗುವುದು ಬ್ಯಾಟರಿ ಮುಗಿಯುವುದು. ಎಷ್ಟೋ ರೆಕಾರ್ಡರ್‌ಗಳು ಆ ಉದ್ದದ ಸಂಖ್ಯೆಯನ್ನು ಸ್ಟಾಪ್ ಒತ್ತಿದ ಮೇಲೆ ಬರೆಯುತ್ತವೆ. ನಡುವೆ ಕರೆಂಟ್ ಹೋದರೆ ಅಲ್ಲಿ ಸೊನ್ನೆಯೇ ಉಳಿಯುತ್ತದೆ. ಫೈಲ್ 2 ಜಿಬಿ ಇರುತ್ತದೆ, ಸಾಫ್ಟ್‌ವೇರ್ ಮಾತ್ರ ಒಳಗೆ ಏನೂ ಇಲ್ಲ ಅನ್ನುತ್ತದೆ. ಹೆದರಬೇಡಿ, ಧ್ವನಿ ಅಲ್ಲೇ ಇದೆ. ಅಡಾಸಿಟಿಯ ಫೈಲ್ ಮೆನುವಿನಲ್ಲಿ ಇಂಪೋರ್ಟ್, ಅದರಲ್ಲಿ ರಾ ಡೇಟಾ. ಅಲ್ಲಿ 16 ಬಿಟ್ ಪಿಸಿಎಂ, ಲಿಟಲ್ ಎಂಡಿಯನ್, ಸ್ಟೀರಿಯೋ, ಸ್ಟಾರ್ಟ್ ಆಫ್‌ಸೆಟ್ 44 (ಹೆಡರಿನ 44 ಬೈಟ್ ಬಿಟ್ಟು ಓದಲು), ಸ್ಯಾಂಪಲ್ ರೇಟ್ 44,100 ಅಂತ ಕೊಟ್ಟು ನೋಡಿ. ರೆಕಾರ್ಡರ್‌ನ ಸೆಟ್ಟಿಂಗ್ ಬೇರೆ ಇದ್ದರೆ ಅದನ್ನೇ ಕೊಡಿ.

ಸೆಟ್ಟಿಂಗ್ ನೆನಪಿಲ್ಲವಾ? ಕಿವಿಯೇ ಹೇಳುತ್ತದೆ. 48,000ದಲ್ಲಿ ಮಾಡಿದ್ದನ್ನು 44,100 ಅಂತ ತೆರೆದರೆ ಭಾಗವತರ ಶ್ರುತಿ ಸುಮಾರು ಒಂದೂವರೆ ಮನೆ ಇಳಿದಿರುತ್ತದೆ, ಚೆಂಡೆ ನಿದ್ದೆಗಣ್ಣಲ್ಲಿ ಬಾರಿಸಿದ ಹಾಗೆ ಕೇಳುತ್ತದೆ. ಸ್ಟೀರಿಯೋವನ್ನು ಮೋನೋ ಅಂದರೆ ವೇಗ ಅರ್ಧಕ್ಕೆ ಅರ್ಧ. ಬರೀ ಭರ್ರ್ ಅಂತ ಗದ್ದಲ ಬಂದರೆ ಆಫ್‌ಸೆಟ್ 44ರ ಬದಲು 45 ಹಾಕಿ, ಒಂದು ಬೈಟ್ ಆಚೀಚೆ ಆಗಿರಬಹುದು. ಆಗಲೂ ಗದ್ದಲವೇ ಆದರೆ 24 ಬಿಟ್ ನೋಡಿ. ಎಂಪಿ3, ಎಂ4ಎಗಳನ್ನು ಮಾತ್ರ ರಾ ಡೇಟಾದಲ್ಲಿ ತೆರೆಯಬೇಡಿ. ಕುಗ್ಗಿಸಿದ ಫೈಲಿಗೆ ಇದು ನಡೆಯುವುದಿಲ್ಲ, ಹೆಡ್‌ಫೋನ್ ಹಾಕಿದ್ದರೆ ಕಿವಿಗೂ ಒಳ್ಳೆಯದಲ್ಲ.

ಮೊಬೈಲಿನ ಎಂ4ಎ ಹೀಗೆ ಅರ್ಧಕ್ಕೆ ನಿಂತರೆ ಕೆಲಸ ಕಷ್ಟ. ಯಾವ ಕ್ಷಣದ ಧ್ವನಿ ಫೈಲಿನಲ್ಲಿ ಎಲ್ಲಿದೆ ಅನ್ನುವ ಸೂಚಿಗೆ ‘ಮೂವ್ ಆಟಮ್’ ಅನ್ನುತ್ತಾರೆ. ಅದನ್ನು ಸಾಮಾನ್ಯವಾಗಿ ಕೊನೆಯಲ್ಲಿ ಬರೆಯುತ್ತಾರೆ. ಫೋನ್ ಸತ್ತರೆ ಅದು ಬರೆಯದೇ ಉಳಿಯುತ್ತದೆ. ಅನ್‌ಟ್ರಂಕ್ ಅನ್ನುವ ಉಚಿತ ಸಾಫ್ಟ್‌ವೇರ್ ಇದೆ. ಅದೇ ಫೋನಿನಲ್ಲಿ, ಅದೇ ಆ್ಯಪ್‌ನಲ್ಲಿ, ಅದೇ ಸೆಟ್ಟಿಂಗ್‌ನಲ್ಲಿ ಮಾಡಿದ ಇನ್ನೊಂದು ಒಳ್ಳೆಯ ರೆಕಾರ್ಡಿಂಗ್ ಕೊಟ್ಟರೆ ಅದನ್ನು ನೋಡಿಕೊಂಡು ಕೆಟ್ಟದ್ದರ ಸೂಚಿಯನ್ನು ಮತ್ತೆ ಕಟ್ಟಲು ಪ್ರಯತ್ನಿಸುತ್ತದೆ. ಎಲ್ಲ ಸಲ ಆಗುವುದಿಲ್ಲ. ಫೋನ್ ಬದಲಾಯಿಸುವ ಮೊದಲು ಇದನ್ನು ಮಾಡಿಬಿಡಿ.

ಹಣ ಕೊಟ್ಟು ಕೊಂಡ ಹಾಡು ತೆರೆಯುತ್ತಿಲ್ಲ ಅಂತ ಒಬ್ಬರು ಕೇಳಿದರು. ಹೆಸರಿನ ಕೊನೆಗೆ ಎಂ4ಪಿ ಇದೆಯಂತೆ. ಅದು ಐಟ್ಯೂನ್ಸ್‌ನ ಬೀಗ ಹಾಕಿದ ಫೈಲ್. 2009ರಲ್ಲಿ ಆಪಲ್ ತನ್ನ ಅಂಗಡಿಯ ಹಾಡುಗಳಿಂದ ಆ ಬೀಗ ತೆಗೆಯಿತು, ಅದಕ್ಕಿಂತ ಮೊದಲು ಕೊಂಡವುಗಳಲ್ಲಿ ಉಳಿದಿದೆ. ಇದು ಫಾರ್ಮ್ಯಾಟಿನ ತೊಂದರೆ ಅಲ್ಲ, ಯಾವ ಕನ್ವರ್ಟರೂ ನೇರವಾಗಿ ತೆರೆಯುವುದಿಲ್ಲ. ಕೊಂಡ ಅಕೌಂಟಿನಿಂದಲೇ ಲಾಗಿನ್ ಆಗಿ ಮತ್ತೆ ಡೌನ್‌ಲೋಡ್ ಆಗುತ್ತದಾ ನೋಡಿ. ಬೀಗ ಒಡೆಯುವ ಸಾಫ್ಟ್‌ವೇರ್ ಬಗ್ಗೆ ನಾನು ಹೇಳುವುದಿಲ್ಲ. ಹಕ್ಕು ಉಲ್ಲಂಘಿಸುವ ಉದ್ದೇಶದಿಂದ ಹಾಗೆ ಒಡೆಯುವುದು 2012ರ ತಿದ್ದುಪಡಿಯ ನಂತರ ನಮ್ಮ ಕಾಪಿರೈಟ್ ಕಾಯ್ದೆಯ 65ಎ ಕಲಂ ಪ್ರಕಾರ ಅಪರಾಧ.

ಕೊನೆಯ ಪ್ರಶ್ನೆ ಹಿಂದಿನ ಸಾಲಿನಿಂದ ಬಂತು. ಸೋದರತ್ತೆಯ ಹಾಡುಗಳನ್ನು ವರ್ಷಗಳ ಹಿಂದೆ ಅಡಾಸಿಟಿಯಲ್ಲಿ ಎಡಿಟ್ ಮಾಡಿ, ಎಯುಪಿ ಫೈಲುಗಳನ್ನು ಪೆನ್‌ಡ್ರೈವಿಗೆ ಹಾಕಿಕೊಂಡಿದ್ದಾರೆ. ಈಗ ಯಾವುದರಲ್ಲೂ ನುಡಿಯುತ್ತಿಲ್ಲ. ಒಂದೊಂದು ಫೈಲೂ ಕೆಲವೇ ಕೆಬಿ.

ಅದು ಆಡಿಯೋ ಫೈಲೇ ಅಲ್ಲ. 2021ರಲ್ಲಿ ಅಡಾಸಿಟಿ 3 ಬಂದ ಮೇಲೆ ಪ್ರಾಜೆಕ್ಟ್ ಅಂದರೆ ಎಲ್ಲವೂ ಸೇರಿದ ಒಂದೇ ಎಯುಪಿ3 ಫೈಲ್. ಅದಕ್ಕೂ ಮೊದಲಿನ ಎಯುಪಿ ಬರೀ ಪಠ್ಯ. ಯಾವ ತುಣುಕಿನ ನಂತರ ಯಾವ ತುಣುಕು ಅನ್ನುವ ಪಟ್ಟಿ ಮಾತ್ರ ಅದರಲ್ಲಿರುತ್ತದೆ. ಧ್ವನಿ ಇರುವುದು ಪಕ್ಕದಲ್ಲಿ ಅದೇ ಹೆಸರಿನ, ಕೊನೆಗೆ ‘ಡೇಟಾ’ ಅಂತ ಇರುವ ಫೋಲ್ಡರಿನಲ್ಲಿ, ನೂರಾರು ಚಿಕ್ಕ ಚಿಕ್ಕ ಎಯು ಫೈಲುಗಳಾಗಿ. ನಿಮ್ಮ ಪೆನ್‌ಡ್ರೈವಿಗೆ ಪಟ್ಟಿ ಬಂದಿದೆ, ಹಾಡು ಹಳೆಯ ಕಂಪ್ಯೂಟರಿನಲ್ಲೇ ಉಳಿದಿದೆ. ಆ ಕಂಪ್ಯೂಟರ್ ಇನ್ನೂ ಇದೆಯಾ? ಅಟ್ಟದ ಮೇಲೆ ಇದೆ ಅಂದರು. ಹಾಗಿದ್ದರೆ ಅದನ್ನು ಇಳಿಸಿ. ಆನ್ ಆಗದಿದ್ದರೂ ಹಾರ್ಡ್ ಡಿಸ್ಕ್ ಬಿಚ್ಚಿ ಯುಎಸ್‌ಬಿ ಅಡಾಪ್ಟರ್‌ಗೆ ಹಾಕಿ, ಆ ಡೇಟಾ ಫೋಲ್ಡರ್ ಹುಡುಕಿ. ಸಿಕ್ಕರೆ ಎಯುಪಿ ಪಕ್ಕದಲ್ಲೇ ಇಟ್ಟು, ಯಾವುದರ ಹೆಸರನ್ನೂ ಬದಲಿಸದೆ, ಅಡಾಸಿಟಿ 3ರಲ್ಲಿ ಎಯುಪಿ ತೆರೆಯಿರಿ. ತೆರೆದ ಕೂಡಲೇ ಬೇರೇನೂ ಮಾಡುವ ಮೊದಲು ಫ್ಲ್ಯಾಕ್ ಆಗಿ ಎಕ್ಸ್‌ಪೋರ್ಟ್ ಮಾಡಿ.